ಕಮಲಾಪುರಕ್ಕ ಬಂದ ಜಪಾನಿನ ಭೂತ

ಗ್ವಾಡಿಗೆ ಹಚ್ಚಿದ ಕಾಗದದಾಗಿಂದ ಒಂದು ಛತ್ರಿ ನನ್ನ ಕಡಿ ನೋಡಿ ನಾಲಿಗಿ ಚಾಚಿತ್ತು. ಛತ್ರಿ. ಹೌದು, ಮಳ್ಯಾಗ ಹಿಡಿಯೋ ಛತ್ರಿನೇ. ನಗಬ್ಯಾಡ್ರಿ. ಅದಕ್ಕ ಒಂದೇ ಕಣ್ಣು, ಒಂದೇ ಕಾಲು, ಕಾಲಾಗ ಕಟಗಿ ಚಪ್ಪಲಿ. ಅದರ ಹಿಂದ ಒಬ್ಬಾಕಿ ಹೆಣ್ಮಗಳು, ಕೊಳ್ಳು ಹಾವಿನಂಗ ಉದ್ದ. ಅಕಿ ಹಿಂದ ಕೆಂಪು ಮಾರಿಯವ ಒಬ್ಬ, ಮೂಗು ಗೇಣುದ್ದ. ಅವನ ಹಿಂದ ಸೀರಿ ಉಟ್ಟ ನರಿ. ಎಲ್ಲಾ ಸಾಲು ಹಿಡದು ಎಲ್ಲಿಗೋ ಹೊಂಟಿದ್ವು. ಕಲಬುರ್ಗಿಯ ಮೋಮಿನಪುರದಾಗ ಖಾದರ್ ಚಾಚಾನ ಚಹಾದ ಹೋಟೆಲ್ ಅದು. ಹೋಟೆಲ್ ಅಂದ್ರ ಏನು, ಕುಂಡ್ರಾಕ ಎರಡು ಬಾಕು, ಒಂದು ಒಲಿ. ನಾ ಅಲ್ಲಿ ಚಿತ್ರ ನೋಡಾಕ ಹೋಗಿರಲಿಲ್ಲ. ಕೆಲಸ ಕೇಳಾಕ ಹೋಗಿದ್ದೆ. ಚಾಚಾನ ತಮ್ಮ ಅರಿವಿ ಗಿರಣ್ಯಾಗ ಆಳುಗಳ ಮ್ಯಾಲ ಮುಕಾದಮ ಇದ್ದ. ಅವನ ಕಡಿಂದ ಒಂದು ಮಾತು ಹೇಳಿಸಿದ್ರ ನನಗ ಗಿರಣ್ಯಾಗ ಜಾಗ ಸಿಗತಿತ್ತು. ನಮ್ಮಪ್ಪನೇ ಕಳಿಸಿದ್ದ.

ಯಾಕ ಕಳಿಸಿದ್ದ? ಹೇಳ್ತೀನಿ, ತಡಿ. ನಾವು ಹಗಲುವೇಷದವರು. ನಿಮಗ ಗೊತ್ತದ, ಈ ಸಣ್ಣ ಮೊಮ್ಮಗಳಿಗೆ ಗೊತ್ತಿಲ್ಲ. ಒಂದು ಊರಿಗೆ ಹೋದ್ರ ಹತ್ತು ದಿನ. ದಿನಾ ಒಂದು ವೇಷ. ಮುಂಜಾನಿ ಬಣ್ಣ ಹಚ್ಚಿ ಮನಿ ಮನಿ ಮುಂದ ಹೋಗಿ ಆಡೋದು. ಇವತ್ತು ರಾಮ, ನಾಳಿ ರಾವಣ, ನಾಡದು ಭೀಮ. ಹತ್ತು ದಿನ ಒಂದು ಕಾಳು ಕೇಳಬಾರದು. ಹನ್ನೊಂದನೇ ದಿನ ಬಣ್ಣ ಇಲ್ಲದ ಹೋಗಿ ಜ್ವಾಳ ಕೇಳೋದು. ಆಟ ಚೊಲೋ ಇದ್ರ ಚೀಲ ತುಂಬತದ, ಇಲ್ಲಂದ್ರ ಇಲ್ಲ. ಇನ್ನೊಂದು ಕಟ್ಟಳಿ. ಬಣ್ಣ ಹಚ್ಚಿದ ಮ್ಯಾಲ ಹೊತ್ತು ಮುಣುಗೂತನ ವೇಷ ಬಿಡಬಾರದು. ಮನಿಗೆ ಬೆಂಕಿ ಬೀಳಲಿ, ರಾಮ ಅಂದ್ರ ರಾಮ. ಇದು ನಿಜಾಮನ ಕಾಲದ ಮಾತು, ದೊಡ್ಡ ಜ್ವರ ಬಂದು ಹೋದ ಮರುವರ್ಷ. ನನ್ನ ಇಬ್ಬರು ಅಣ್ಣಗೋಳು ಆ ಜ್ವರದಾಗ ಹೋದ್ರು. ಒಂದೇ ವಾರದಾಗ ಇಬ್ಬರೂ. ಒಬ್ಬ ರಾಮ, ಒಬ್ಬ ರಾವಣ. ಇಬ್ಬರಿಗೂ ಬಾಯಿ ತೆಗದ್ರ ಮಾತು ಹಳ್ಳ ಹರದಂಗ. ಉಳದಾವ ನಾನು. ನನಗ ಮಾತು ಬರಂಗಿಲ್ಲ. ಈಗೂ ಬರಂಗಿಲ್ಲ. ಮನ್ಯಾಗ ಹೆಂಗೋ ಆಡ್ತೀನಿ, ಮಂದಿ ಮುಂದ ನಿಂತ್ರ ಗಂಟಲು ಕಟ್ಟತದ. ರಾವಣನ ವೇಷ ಹಾಕಿಸಿ ನೋಡಿದ ನಮ್ಮಪ್ಪ. ಸಾಂಬಯ್ಯ ಅಂದ್ರ ಆ ಸೀಮ್ಯಾಗ ಹೆಸರು ಇತ್ತು ಅವಂದು. "ರಾವಣ ಅಂದ್ರ ಗುಡುಗಬೇಕೋ ಮಲ್ಲ್ಯಾ. ನೀ ಕೆಮ್ಮತಿ," ಅಂದ. ಭೀಮ ಮಾಡಿಸಿದ. "ಭೀಮನ ಮೈ ಅದ, ಬಾಯಿ ಬಕಾಸುರ ತಿಂದಾನ," ಅಂದ. ಕಡೀಕ ಹೇಳಿಬಿಟ್ಟ: "ಕಮಲಾಪುರದ ಹತ್ತು ದಿನ ನೋಡ್ತೀನಿ. ನಿನ್ನ ಒಂದು ವೇಷ ಊರು ಒಪ್ಪಿದ್ರ ಇರು. ಇಲ್ಲಂದ್ರ ಗಿರಣಿಗೆ ನಡಿ. ಮ್ಯಾಳ ನನ್ನ ಅಳಿಯ ನಡಸ್ತಾನ." ನನಗ ಇಪ್ಪತ್ತೆರಡು ವರ್ಷ. ಮದುವಿ ಆಗಿ ಒಂದು ವರ್ಷ. ನಮ್ಮ ಮುತ್ಯಾನ ಮುತ್ಯಾ ಹಚ್ಚಿದ ಬಣ್ಣ ಅದು. ಗಿರಣ್ಯಾಗ ನೂಲು ಎಳಕೊಂಡು ಸಾಯಬೇಕೇನು? ಆದ್ರ ಹೋಗಿ ಜಾಗ ಕೇಳಿದೆ. ಅಪ್ಪನ ಮಾತು.

ಖಾದರ್ ಚಾಚಾ ಚಹಾ ಕೊಟ್ಟ. ಹಡಗದ ಒಲಿಗೆ ಕಲ್ಲಿದ್ದಲಿ ಹಾಕಿ ದೇಶ ತಿರುಗಿದ ಮನುಷ್ಯಾ. ಜಪಾನಿನ ಬಂದರದಾಗ ಹಡಗ ಕೆಟ್ಟು ಮೂರು ತಿಂಗಳು ಕುಂತಿದ್ದನಂತ. ಆ ಕಾಗದ ಅಲ್ಲಿಂದ ತಂದದ್ದು. ನಾ ನೋಡೋದು ನೋಡಿ, "ಕ್ಯಾ ಬೇಟಾ, ಛತ್ರಿ ಹೆದರಿಸ್ತೇನು?" ಅಂದ. "ಇವೆಲ್ಲಾ ಅಲ್ಲೀ ಭೂತ. ಅವರ ಕಡಿ ಛತ್ರಿ, ಚಪ್ಪಲಿ, ದೀಪ ಎಲ್ಲಾ ನೂರು ವರ್ಷ ಆದ್ರ ಭೂತ ಆಗ್ತಾವ. ಹಳೇದಾತಂತ ಬೀಸಾಕಿದ್ರ ಸಿಟ್ಟಿಗೆ ಬರ್ತಾವ." ನಾ ಒಂದರ ಮ್ಯಾಲ ಬಟ್ಟು ಇಟ್ಟು ತೋರಿಸಿದೆ. ಹಸರು ಮೈ. ಬೆನ್ನಿಗೆ ಆಮಿ ಚಿಪ್ಪು. ಬಾಯಿ ಇದ್ದಲ್ಲಿ ಕೊಕ್ಕು. ತಲಿ ನಡುವ ಒಂದು ಬಟ್ಟಲು, ಸುತ್ತ ಕೂದಲ. ಒಂದು ಕುದುರಿ ಬಾಲ ಹಿಡದು ನೀರಿಗೆ ಎಳ್ಯಾಕತ್ತಿತ್ತು. "ಅದು ಕಪ್ಪಾ," ಅಂದ ಚಾಚಾ. "ಹೊಳ್ಯಾಗ ಇರ್ತದ. ಕುದುರಿ ಎಳಿತದ, ಪೈಲ್ವಾನರ ಕೂಡ ಕುಸ್ತಿ ಹಿಡಿತದ. ಯಾರ ಕೈಲೆ ಸೋಲಂಗಿಲ್ಲ. ತಾಕತ್ತೆಲ್ಲಾ ತಲಿ ಮ್ಯಾಲಿನ ನೀರಾಗ. ಖರೆ ಒಂದು. ಭೂತ ಆದ್ರೂ ಬಹುತ್ ಶರೀಫ್, ಭಾಳ ಮರ್ಯಾದಸ್ತ. ನೀ ಅದಕ್ಕ ಬಗ್ಗಿ ಸಲಾಂ ಮಾಡು. ಅದೂ ಬಗ್ಗಿ ಸಲಾಂ ಮಾಡಲಾರದ ಇರಂಗಿಲ್ಲ. ಬಗ್ಗಿತು, ನೀರು ಚೆಲ್ಲಿತು, ಖತಂ. ಬಿದ್ದುಬಿಡತದ." ಆಮ್ಯಾಲ ಅಂದ: "ಬಿದ್ದಾಗ ಯಾರು ಅದರ ತಲಿಗೆ ನೀರು ಹಾಕ್ತಾರ, ಅವರ ನೌಕರಿ ಮಾಡತದ. ಇನ್ನೊಂದು, ಸೌತಿಕಾಯಿ ಅಂದ್ರ ಪ್ರಾಣ." ನಾ ಒಂದೇ ಮಾತು ಕೇಳಿದೆ. "ಮಾತಾಡತದೇನು ಚಾಚಾ?" "ನಾ ಕೇಳಿಲ್ಲ ಬೇಟಾ." ಸಾಕು. ಅರ್ಧ ಚಹಾ ಅಲ್ಲೇ ಬಿಟ್ಟು ಎದ್ದೆ. ಚಾಚಾ ಹಿಂದಿನಿಂದ ಒದರಿದ, "ಅರೇ, ಗಿರಣಿ ಮಾತು ಏನು ಹೇಳಲಿ?" "ಹದಿನೈದು ದಿನ ತಡಿ," ಅಂದೆ.

ನಮ್ಮಪ್ಪಗ ಹೇಳಿದೆ. ಹೇಳಿದೆ ಅಂದ್ರ, ನಿಮ್ಮಜ್ಜಿ ನಾಗಮ್ಮ ಹೇಳಿದಳು, ನಾ ಬಾಜೂಕ ನಿಂತೆ. ಅಪ್ಪ ಎಲಿ ಉಗುಳಿ ಅಂದ: "ರಾಮ ಬಿಟ್ಟು, ಭೀಮ ಬಿಟ್ಟು, ಕಪ್ಪಿ ವೇಷ ಹಾಕ್ತಾನಂತ ನಿನ್ನ ಗಂಡ." ಅಕಿ ಬಿಡತಾಳೇನು? "ಹನುಮಪ್ಪಗ ಬಾಲ ಹಚ್ಚುವಾಗ ಮಂಗ್ಯಾ ಅನಲಿಲ್ಲ ನೀವು," ಅಂದಳು. ಅಪ್ಪ ಬ್ಯಾಡ ಅನಲಿಲ್ಲ. ಅಷ್ಟೇ ಸಾಕಾತು. ನಾಗಮ್ಮ ಒಂದು ದೊಡ್ಡ ಬುಟ್ಟಿ ತಂದು, ಮ್ಯಾಲ ಹಳೇ ಅರಿವಿ ಬಡದು, ಹುಣಸಿ ಬೀಜದ ಅಂಟು ಬಳದು, ಕರೇ ಬಣ್ಣ ಹಚ್ಚಿ ಚಿಪ್ಪು ಮಾಡಿದಳು. ಕಾಗದ ನೆನಸಿ ಕುಟ್ಟಿ ಕೊಕ್ಕು ಮಾಡಿದೆ ನಾನು. ಅರಿಷಿಣದಾಗ ನೀಲಿ ಕಲಿಸಿದ್ರ ಹಸರು. ತಲಿಗೆ ತಾಮ್ರದ ತಟ್ಟಿ, ಸುತ್ತ ಆಡಿನ ಕೂದಲ. ತಟ್ಟಿ ಕಟ್ಟೋದು ಸರಳ. ನೀರು ಚೆಲ್ಲಲಾರದಂಗ ನಡಿಯೋದು ಸರಳ ಅಲ್ಲ. ಕಲಬುರ್ಗಿಯಿಂದ ಕಮಲಾಪುರಕ್ಕ ಎರಡು ದಿನದ ನಡಿಗಿ. ಎತ್ತಿನ ಮ್ಯಾಲ ಸಾಮಾನು ಹೇರಿ ಅಪ್ಪ ಮುಂದ, ಅವನ ಅಳಿಯ ಹಿಂದ. ಎಲ್ಲಾರ ಹಿಂದ ನಾನು, ತಲಿ ಮ್ಯಾಲ ನೀರು. ಮೊದಲನೇ ದಿನ ಮಾರಿ ಒಣಗಲಿಲ್ಲ. ಎರಡನೇ ದಿನ ಮಹಾಗಾಂವ ದಾಟಿದ ಮ್ಯಾಲ ಚೆಲ್ಲೋದು ನಿಂತಿತು. ಮೊಣಕಾಲು ಸಡಲ ಬಿಡಬೇಕು, ಸೊಂಟ ಅಲುಗಬಾರದು. ಅದು ನನಗ ಯಾರೂ ಕಲಿಸಲಿಲ್ಲ.

ಕಮಲಾಪುರದಾಗ ಮೊದಲನೇ ದಿನ ಅಪ್ಪ ರಾವಣ. ಎರಡನೇ ದಿನ ಅಳಿಯ ರಾಮ. ಮೂರನೇ ದಿನ ನಾನು. ಮುಂಜಾನಿ ಮೊದಲು ಪೊಲೀಸ್ ಪಾಟೀಲರ ಮನಿ ಮುಂದ ಹೋಗಿ ನಿಂತೆ. ಊರಿನ ದೊಡ್ಡ ಮನಿ, ಅಲ್ಲಿಂದಲೇ ಸುರು ಮಾಡಬೇಕು. ಪಾಟೀಲರ ತಾಯಿ ಗುರಮ್ಮಾಯಿ ಹೊರಗ ಬಂದಳು. ಎಂಬತ್ತು ವರ್ಷದ ಮುದುಕಿ. ನನ್ನ ನೋಡಿದಳು. ತಲಿ ನೋಡಿದಳು. ಬಟ್ಟಲದಾಗ ನೀರು ಥಳಥಳ ಅಂತಿತ್ತು. ಅಕಿ ಬಾಯಿ ಮ್ಯಾಲ ಕೈ ಇಟ್ಟಳು. "ಏ ಬರ್ರೇ! ಗಂಗಾನ ತಲಿ ಮ್ಯಾಲ ಹೊತ್ತು ಶಿವ ಬಂದಾನ!" ನೆರಮನಿ ಹೆಂಗಸು ಒಬ್ಬಾಕಿ, "ಕೊಕ್ಕು ಅದಲ್ಲಬೇ ಆಯಿ, ಗರುಡ ಇರಬೇಕು," ಅಂದಳು. ಮುದುಕಿ ಅಕಿಗೆ ಜೋರು ಮಾಡಿದಳು: "ಗಂಗವ್ವ ತಲಿ ಮ್ಯಾಲ ಕುಂತಾಳ, ಕಣ್ಣು ಕಾಣಂಗಿಲ್ಲೇನು? ಶಿವ ಯಾವ ರೂಪದಾಗ ಬಂದ್ರ ನಿನಗೇನು? ನಿನ್ನ ಕೇಳಿ ಬರಬೇಕೇನು?" ಚರಿಗಿ ನೀರು ತಂದು ನನ್ನ ಕಾಲು ತೊಳದಳು. ಇಭೂತಿ ಹಚ್ಚಿದಳು, ದೀಪ ಹಚ್ಚಿದಳು, ಕಾಯಿ ಒಡದಳು. ನಾ ಏನು ಮಾಡಲಿ? ಅಲ್ಲ ಅನ್ನಬೇಕಂದ್ರ ಕಪ್ಪಾ ಮಾತಾಡಂಗಿಲ್ಲ. ನನಗೂ ಬರಂಗಿಲ್ಲ. ಕಲ್ಲಾಗಿ ನಿಂತೆ. ಆಮ್ಯಾಲ ಅಕಿ ಸೆರಗು ಹೊತ್ತು ನನ್ನ ಕಾಲಿಗೆ ಬಗ್ಗಿ ನಮಸ್ಕಾರ ಮಾಡಿದಳು.

ಬಗ್ಗಿದವರಿಗೆ ಬಗ್ಗಬೇಕು. ವೇಷದ ಧರ್ಮ. ನಾ ಬಗ್ಗಿದೆ.

ಬಟ್ಟಲ ನೀರೆಲ್ಲಾ ಮುದುಕಿ ತಲಿ ಮ್ಯಾಲ, ದೀಪದ ಮ್ಯಾಲ, ಒಡದ ಕಾಯಿ ಮ್ಯಾಲ. ದೀಪ ಚುಂಯ್ ಅಂತ ಆರಿತು. ನೀರು ಹೋದ ಮ್ಯಾಲ ತಾಕತ್ತು ಇರಬಾರದು, ಅದೂ ಧರ್ಮ. ನಾ ಧಪ್ ಅಂತ ಅಂಗಾತ ಬಿದ್ದೆ. "ಅಯ್ಯಯ್ಯೋ! ಗಂಗವ್ವ ನೆಲಕ್ಕ ಬಿದ್ದಳು! ಶಿವ ನಮ್ಮ ಬಾಗಲದಾಗ ಸತ್ತ!" ಅಂತ ಮುದುಕಿ ಎದಿ ಬಡಕೊಂಡಳು. ಹೆಂಗಸರು ಓಡಿದ್ರು. ನಾ ಏಳಲಿಲ್ಲ. ನೀರು ಹಾಕೂತನ ಏಳಬಾರದು. ಒಂದು ನಾಯಿ ಬಂದು ಕೊಕ್ಕು ಮೂಸಿ ನೋಡಿತು. ನಗಬ್ಯಾಡ್ರಿ ಅಂದೆ. ಕಡೀಕ ಅಪ್ಪ ಬಂದು ಒಂದು ಕೊಡ ನೀರು ಮಾರಿಗೆ ಸುರುವಿ ಎಬ್ಬಿಸಿಕೊಂಡು ಹೋದ. ಕಿವಿ ಹಿಡದು.

ಅವತ್ತು ಮಧ್ಯಾಹ್ನ ಪಾಟೀಲರು ಅಪ್ಪನ ಕರಿಸಿದ್ರು. ಒಳ್ಳೇ ಮನುಷ್ಯಾ, ಆದ್ರ ತಾಯಿ ಹಾಸಿಗಿ ಹಿಡದಿದ್ದಳು, ಶಕುನ ಕೆಟ್ಟತಂತ. "ಸಾಂಬಯ್ಯ, ನಿನ್ನ ಮಗನ್ನ ಊರಾಗ ಕಾಣಿಸಬ್ಯಾಡ. ಅವ್ವ ಎದ್ದು ಗಂಜಿ ಕುಡದ್ರ ನೀವು ಇರ್ರಿ. ಇಲ್ಲಂದ್ರ ಎಲ್ಲಾರೂ ನಡೀರಿ," ಅಂದ್ರು. ಅಪ್ಪ ನಮ್ಮ ಗುಡಾರಕ್ಕ ಬಂದು ನನ್ನ ಮಾರಿ ನೋಡಲಿಲ್ಲ. ನಾಗಮ್ಮಗ ಹೇಳಿದ: "ಗಂಟು ಕಟ್ಟು. ನಾಳಿ ಇಬ್ಬರೂ ಕಲಬುರ್ಗಿಗೆ ಹೋಗ್ರಿ. ಗಿರಣಿ." ನಾ ವೇಷದಾಗೇ ಕೊಕ್ಕು ಒರಸಿಕೋತ ಕುಂತಿದ್ದೆ. ನಾಗಮ್ಮ ಸೊಂಟದ ಮ್ಯಾಲ ಕೈ ಇಟ್ಟಳು. "ಮಾವ, ಹತ್ತು ದಿನ ಅಂದೀರಿ. ಮೂರೇ ಆಗ್ಯಾವ." "ಮೂರರಾಗೇ ಶಿವನ್ನ ಕೊಂದಾನ, ಇನ್ನೂ ಏಳು ದಿನದಾಗ ಯಾರನ್ನ ಕೊಲ್ಲಬೇಕಂತ?" "ತಪ್ಪು ವೇಷದ್ದಲ್ಲ. ರಾಮ ಬಂದ್ರ ರಾಮ ಯಾರಂತ ಊರಿಗೆ ಗೊತ್ತದ. ಇದು ಯಾರಂತ ಯಾರಿಗೆ ಗೊತ್ತದ? ಹೇಳದ ಕೇಳದ ಹೊಸಾ ಭೂತ ತಂದು ನಿಲ್ಲಿಸಿದ್ರ ಮಂದಿ ಏನು ಮಾಡಬೇಕು? ಹೇಳೋದು ನನಗ ಬಿಡ್ರಿ." ಅಪ್ಪ ಅಂದ, "ಮಾಡು. ಮುದುಕಿ ಎದ್ರ ಎದ್ದಳು." ನಮ್ಮ ಹೆಣ್ಮಕ್ಕಳು ಊರೂರಾಗ ಸೂಜಿ, ದಾರ, ಮಣಿ ಮಾರತಿದ್ರು. ನಾಗಮ್ಮ ಬುಟ್ಟಿ ಹೊತ್ತು ಸೀದಾ ಗುರಮ್ಮಾಯಿ ಹಾಸಿಗಿ ಕಡಿ ಹೋದಳು. ನಾ ಅಲ್ಲಿರಲಿಲ್ಲ, ಅಕಿ ಹೇಳಿದ್ದು ಹೇಳ್ತೀನಿ. "ಆಯಿ, ಸೂಜಿ ಬೇಕೇನ್ರಿ?" "ಶಿವ ಸತ್ತಾನ, ನನಗ್ಯಾಕ ಸೂಜಿ?" "ಶಿವ ಅಲ್ರಿ ಆಯಿ. ನನ್ನ ಗಂಡ." ಮುದುಕಿ ಒಂದು ಕಣ್ಣು ತೆಗದಳಂತ. ಅಲ್ಲಿಂದ ಕಥಿ ಸುರು. ಸಮುದ್ರದ ಆಚಿ ಜಪಾನ ಅಂತ ದೇಶ, ಅಲ್ಲೀ ಹೊಳೀ ಭೂತ, ಹೆಂಗ ಕುದುರಿ ಎಳಿತದ, ಹೆಂಗ ಯಾರಿಗೂ ಸೋಲಂಗಿಲ್ಲ, ಹೆಂಗ ಬಗ್ಗಿದವರಿಗೆ ಬಗ್ಗಿ ತಾನೇ ಸಾಯತದ. "ನೀವು ಭೂತನ್ನ ಕೊಂದೀರಿ ಆಯಿ. ಜಪಾನಿನ ಪೈಲ್ವಾನರ ಕೈಲೆ ಆಗಲಾರದ್ದು ನೀವು ಒಂದು ನಮಸ್ಕಾರದಾಗ ಮಾಡೀರಿ." ಮುದುಕಿ ಎದ್ದು ಕುಂತಳು. ಗಂಜಿ ಕುಡದಳು. "ನಾ ಕೊಂದೆ?" ಅಂದಳಂತ. "ಮತ್ತ ಕರಕೊಂಡು ಬಾ ಅದನ್ನ."

ಎರಡು ದಿನ ನಾಗಮ್ಮ ಒಂದು ಮನಿ ಬಿಡಲಿಲ್ಲ. ಸೂಜಿ ಎಷ್ಟು ಹೋದ್ವೋ ಗೊತ್ತಿಲ್ಲ, ಕಥಿ ಎಲ್ಲಾ ಮನಿಗೆ ಹೋತು. ಐದನೇ ದಿನ, ಅಲ್ಲ, ಆರನೇ ದಿನ, ಐದನೇ ದಿನ ಅಪ್ಪಂದು ಭೀಮ ಇತ್ತು. ಆರನೇ ದಿನ ನಾ ಮತ್ತ ಹೊಂಟೆ. ಓಣ್ಯಾಗ ಕಾಲು ಇಡೂದ್ರಾಗ ಹುಡುಗರು ಒದರಿದ್ರು, "ಬಗ್ಗೂ ಭೂತ ಬಂತು! ಬಗ್ಗೂ ಭೂತ ಬಂತು!" ಊರಿನ ಪೈಲ್ವಾನ ತೊಡಿ ತಟಗೊಂಡು ಅಡ್ಡ ಬಂದ. ಹಿಡದ. ನನಗ ಮಾತು ಇರಲಿಲ್ಲ, ಮೈಯಾಗ ಬಲ ಇತ್ತು. ಚಿಪ್ಪು ಹಿಡದು ಎಳದ, ಕಾಲು ಹಾಕಿದ, ಏದುಸಿರು ಬಿಟ್ಟ. ಮೊಣಕಾಲು ಸಡಲ ಬಿಟ್ಟು ನಿಂತೆ. ನೀರು ಅಲಗಿತು, ಚೆಲ್ಲಲಿಲ್ಲ. ಮಂದಿ ಬಟ್ಟಲಾನೇ ನೋಡ್ತಿದ್ರು. ಅಷ್ಟರಾಗ ಗುರಮ್ಮಾಯಿ ಕೋಲು ಊರಕೋತ ಬಂದು, "ಸರಿಯೋ ಪೈಲ್ವಾನ, ನಿನ್ನ ಕೈಲೆ ಆಗಂಗಿಲ್ಲ," ಅಂದಳು. ಕೈ ಮುಗದಳು. "ಶರಣ್ರಿ ಭೂತಪ್ಪ." ನಾ ಬಗ್ಗಿದೆ. ನೀರು ಹೋತು, ನಾ ಹೋದೆ. ಇಡೀ ಓಣಿ ನಕ್ಕಿತು. ಮುದುಕಿ ಪೈಲ್ವಾನನ ಮಾರಿಗೆ ಕೋಲು ತೋರಿಸಿ, "ಹಾಲು ತುಪ್ಪ ತಿಂದು ಏನು ಮಾಡಿದಿ?" ಅಂದಳು. ತಾನೇ ಚರಿಗಿಲೆ ನನ್ನ ತಲಿಗೆ ನೀರು ಹಾಕಿದಳು. ನೀರು ಹಾಕಿದವರ ನೌಕರಿ ಮಾಡಬೇಕಲ್ಲ, ಅಕಿ ಅಂಗಳ ಕಸ ಹೊಡದೆ, ಎಮ್ಮಿಗೆ ಮೇವು ಹಾಕಿದೆ. ವೇಷದಾಗೇ, ನೀರು ಹೊತ್ತುಕೊಂಡೇ.

ಆಮ್ಯಾಲ ನೋಡ್ರಿ, ಮಜಾ. ಸೌತಿಕಾಯಿ ಕಾಲ ಅದು, ಹೊಲದಾಗಿಂದ ತಂದು ತಂದು ಕೊಟ್ಟರು. ಕೇಳಬಾರದಂತ ಕಟ್ಟಳಿ ಅದ, ಕೊಟ್ಟದ್ದು ಭೂತಕ್ಕ, ಭೂತ ತಿಂತು. ನಮ್ಮ ಗುಡಾರದಾಗ ಐದು ದಿನ ಬರೇ ಸೌತಿಕಾಯಿ. ಅಪ್ಪನೂ ತಿಂದ. ಸಿಟ್ಟಿಲೆ ತಿಂದ. ಇನ್ನೊಂದು ಹೇಳ್ತೀನಿ, ಇದು ಕಿವಿಯಾಗ ಇಟ್ಟುಕೋರಿ. ನಾವು ವೇಷಗಾರರು. ರಾಮನ ವೇಷಕ್ಕ ಮಂದಿ ಕೈ ಮುಗಿತಿದ್ರು, ಅದು ರಾಮಗ. ಬಣ್ಣ ಅಳಿಸಿದ ಮ್ಯಾಲ ನಮ್ಮನ್ನ ಕಟ್ಟಿ ಮ್ಯಾಲ ಕುಂಡ್ರಿಸ್ತಿರಲಿಲ್ಲ. ಈ ಭೂತಕ್ಕ ಯಾರೂ ಭಕ್ತಿಲೆ ಬಗ್ಗಲಿಲ್ಲ. ಇದು ಬಗ್ಗಲಿ ಅಂತ ಬಗ್ಗಿದ್ರು. ಪಾಟೀಲರು ಪಟಗಾ ತೆಗದು ಬಗ್ಗಿದ್ರು. ಸೇಠ ಬಗ್ಗಿದ. ಶಾನಭೋಗರು ಬಗ್ಗಿದ್ರು, ಮಡಿ ಪಂಚಿ ಎತ್ತಿ ಹಿಡಕೊಂಡು. ನಾ ಎಲ್ಲಾರಿಗೂ ಬಗ್ಗಿದೆ. ಅವರೆಷ್ಟು ಬಗ್ಗಿದ್ರೋ ಅಷ್ಟೇ. ಒಂದು ಬಟ್ಟು ಹೆಚ್ಚಿಲ್ಲ, ಒಂದು ಬಟ್ಟು ಕಡಿಮಿ ಇಲ್ಲ. ಅಪ್ಪ ದೂರ ನಿಂತು ನೋಡ್ತಿದ್ದ. ಸಂಜಿಮುಂದ ಇಷ್ಟೇ ಅಂದ: "ಒಂದು ದಿನ ನಕ್ಕಿದ್ದು ಒಪ್ಪಿದಂಗ ಅಲ್ಲ."

ಒಂಬತ್ತನೇ ದಿನ. ಊರ ಹೊರಗ ಹಳ್ಳದ ದಂಡಿಗೆ ಇದ್ದೆ ನಾನು. ನೀರಿನ ಭೂತ ನೀರಿನ ಬಲ್ಲೇನೇ ಚೊಲೋ ಕಾಣತದಂತ ಮಂದಿ ಅಲ್ಲೇ ಕರಸಿದ್ರು. ನಡು ಮಧ್ಯಾಹ್ನ. ಹುಮನಾಬಾದ ಕಡಿಂದ ಧೂಳಿ ಎದ್ದಿತು. ಪೊಲೀಸ್ ಅಮೀನ ಸಾಹೇಬ, ಕುದುರಿ ಮ್ಯಾಲ, ಹಿಂದ ಇಬ್ಬರು ಜವಾನರು. ಆ ಕಾಲದಾಗ ಅಮೀನ ಅಂದ್ರ ಠಾಣೇದ ಯಜಮಾನ, ಹುಡುಗಾಟ ಅಲ್ಲ. ಅವ ಸಿಟ್ಟಿಗೆ ಬಂದ್ರ ನಮ್ಮಂಥ ತಿರಗೋ ಮಂದಿಗೆ ತಾಲೂಕದಾಗ ಕಾಲು ಇಡಗೊಡತಿರಲಿಲ್ಲ. ಮಂದಿ ಎಲ್ಲಾ ಎದ್ದು ಬದಿಗೆ ಸರದು ಬಗ್ಗಿ ಸಲಾಂ ಹೊಡದ್ರು. ನಾ ಒಬ್ಬನೇ ನೆಟ್ಟಗ ನಿಂತೆ. ಮೊದಲು ಬಗ್ಗೋದು ಭೂತದ ಧರ್ಮ ಅಲ್ಲ. ಕುದುರಿಗೆ ನೀರಡಿಕಿ ಆಗಿತ್ತು, ಸೀದಾ ಹಳ್ಳಕ್ಕ ಇಳದು ನನ್ನ ಬಾಜೂಕ ಬಾಯಿ ಹಾಕಿತು. ನಾ ವಿಚಾರ ಮಾಡಲಿಲ್ಲ. ಕೈ ತಾನೇ ಹೋತು. ಲಗಾಮು ಹಿಡದೆ.

"ಕೌನ್ ಹೈ ಬೇ! ಬಿಡು!" ಅಂದ ಅಮೀನ. ನಾ ಬಿಡಲಿಲ್ಲ. ಅಪ್ಪ ದಂಡಿ ಮ್ಯಾಲಿಂದ ಒದರಿದ, "ಮಲ್ಲ್ಯಾ! ಬಿಡೋ! ಕೈ ಮುಗಿತೀನಿ, ಬಿಡೋ!" ಅವನ ಧ್ವನಿ ಹಂಗ ನಡುಗಿದ್ದು ನಾ ಕೇಳಿರಲಿಲ್ಲ. ಬಿಟ್ಟಿದ್ರ ಮಂದಿಗೆ ನಾ ಭೂತ ಅಲ್ಲ, ಸಾಂಬಯ್ಯನ ಹೆದರಪುಕ್ಕ ಮಗ ಅಷ್ಟೇ. ಹಿಡಕೊಂಡೆ. ಅಮೀನ ಚಾಬೂಕ ಎತ್ತಿ ಒಂದು ಏಟು ಹಾಕಿದ. ಅದು ಬೆನ್ನಿನ ಬುಟ್ಟಿ ಮ್ಯಾಲ ಬಿದ್ದು ಹಲಗಿ ಬಡದಂಗ ಢಂ ಅಂತು. ಯಾರೋ ಕಿಸಕ್ ಅಂದ್ರು. ಎರಡನೇ ಏಟು ಭುಜದ ಮ್ಯಾಲ. ಇಲ್ಲಿ. ಇನ್ನೂ ಅದ ನೋಡು ಗೀರು. ಚರ್ಮ ಕಿತ್ತಿತು. ಬಟ್ಟಲಾಗಿನ ನೀರು ಒಂದು ಹನಿ ಚೆಲ್ಲಲಿಲ್ಲ. ಮೂರನೇದು ಎತ್ತಿದ ಕೈ ಅಮೀನ ಅಲ್ಲೇ ನಿಲ್ಲಿಸಿದ. ಅವನೂ ಬಟ್ಟಲಾನೇ ನೋಡಾಕತ್ತಿದ್ದ. "ಯೇ ಕ್ಯಾ ಚೀಜ್ ಹೈ, ಪಾಟೀಲ?" ಅಂದ. ಪಾಟೀಲರು ಕೈ ಕಟಗೊಂಡು ಮುಂದ ಬಂದ್ರು. "ಹುಜೂರ, ಇದು ಜಪಾನಿನ ಭೂತ, ಕಪ್ಪಾ ಅಂತ. ಕುದುರಿ ಹಿಡದ್ರ ಬಿಡಂಗಿಲ್ಲ. ಒಂದು ಸಲಾಂ ಮಾಡಿದ್ರ ತಾನೇ ಬೀಳತದ." "ಬಹುರೂಪಿಗೆ ನಾ ಸಲಾಂ ಮಾಡಬೇಕಾ?" ಪಾಟೀಲರು ಕೆಳಗ ನೋಡಿ ಅಂದ್ರು, "ನಾನೂ ಮಾಡೀನ್ರಿ ಹುಜೂರ." ಗುರಮ್ಮಾಯಿ ಹಿಂದಿನಿಂದ, "ನಾ ಎರಡು ಸಲ ಕೊಂದೀನ್ರಿ ಸಾಹೇಬ, ಭಾಳ ಸರಳ ಅದ," ಅಂದಳು.

ಅಮೀನ ನನ್ನ ಕಣ್ಣಾಗ ಕಣ್ಣು ಇಟ್ಟು ನೋಡಿದ. ಭುಜದಿಂದ ರಕ್ತ ಇಳಿತಿತ್ತು, ಹಸರು ಬಣ್ಣದ ಮ್ಯಾಲ. ನಾ ರೆಪ್ಪಿ ಬಡಿಲಿಲ್ಲ. ಅವ ಚಾಬೂಕ ಜವಾನನ ಕೈಯಾಗ ಕೊಟ್ಟ. ಕುದುರಿ ಮ್ಯಾಲಿಂದ ಇಳದ. ಬೂಟಿನ ಮ್ಯಾಲೇ ಹಳ್ಳದ ನೀರಾಗ ನಿಂತ. ಸೊಂಟ ಬಗ್ಗಿಸಿ, ಕೈ ಹಣಿಗೆ ಹಚ್ಚಿ, "ಆದಾಬ್ ಅರ್ಜ್ ಹೈ," ಅಂದ. ಕಚೇರ್ಯಾಗ ದೊಡ್ಡವರಿಗೆ ಮಾಡೋ ಆದಾಬ್ ಅದು. ನಾ ಲಗಾಮು ಬಿಟ್ಟೆ. ಅವ ಬಗ್ಗಿದಷ್ಟೇ ಬಗ್ಗಿದೆ, ಅವನಂಗೇ ಕೈ ಹಣಿಗೆ ಹಚ್ಚಿದೆ. ನೀರು ಹಳ್ಳಕ್ಕ ಬಿತ್ತು. ನಾ ನೀರಾಗ ಬಿದ್ದೆ. ಊರು ಹೋ ಅಂತು.

ನಾ ಅಂಗಾತ ಬಿದ್ದಿದ್ದೆ, ಆಕಾಶ ಕಾಣತಿತ್ತು. ಅಮೀನ ಬಂದು ಮ್ಯಾಲಿಂದ ನೋಡಿದ. ಮೀಸಿಯಾಗ ನಗತಿದ್ದ. "ಇನ್ನ ಇದು ಏಳಬೇಕಂದ್ರ?" "ತಲಿಗೆ ನೀರು ಹಾಕಬೇಕ್ರಿ," ಅಂದಳು ನಾಗಮ್ಮ. "ಆದ್ರ ಹಾಕಿದವರ ನೌಕರ ಆಗತದ್ರಿ." "ಐಸಾ?" ಅಂದ. ಜವಾನನ ಹೆಗಲಿನ ಚರ್ಮದ ಚೀಲ ತೊಗೊಂಡು ತನ್ನ ಕುಡಿಯೋ ನೀರು ನನ್ನ ತಟ್ಟಿಗೆ ಹಾಕಿದ. ತಾನೇ ಹಾಕಿದ. ಎದ್ದೆ. ಅವ ಕುದುರಿ ಹತ್ತಿ, "ಚಲ್, ಕಪ್ಪಾ," ಅಂದ. ನಾ ಲಗಾಮು ಹಿಡದು ಮುಂದ ನಡದೆ. ಮಹಾಗಾಂವದ ದಾರಿ. ಅಪ್ಪ ಹಿಂದ ಬಂದ. ಓಡಿ ಬರಲಿಲ್ಲ, ಕೂಗಲಿಲ್ಲ. ಒಂದು ಹೊಲದಷ್ಟು ದೂರ ಬಿಟ್ಟು ನಡದು ಬಂದ. ಮಗನ್ನ ಠಾಣೇದ ಹವಾಲಾತಿಗೆ ಹಾಕತಾರಂತ ಅವ ತಿಳದಿದ್ದ. ಇದು ಆಮ್ಯಾಲ ನಾಗಮ್ಮ ನನಗ ಹೇಳಿದ್ದು. ದಾರ್ಯಾಗ ಅಮೀನ ಮೂರು ಸಲ ಕೇಳಿದ, "ಭುಜ ನೋಯತದೇನು?" ಕಪ್ಪಾ ಮಾತಾಡಂಗಿಲ್ಲ. ನಡದೆ. ಏರು ಇತ್ತು, ಕಲ್ಲು ಇತ್ತು, ನೀರು ಇತ್ತು ತಲಿ ಮ್ಯಾಲ. ಚೆಲ್ಲಲಿಲ್ಲ.

ಮಹಾಗಾಂವದ ಸೀಮಿ ಮುಟ್ಟೂದ್ರಾಗ ಹೊತ್ತು ಮುಣುಗಿತು. ನಾ ನಿಂತೆ. ಕೊಕ್ಕು ಬಿಚ್ಚಿದೆ. ತಟ್ಟಿ ಇಳಿಸಿ ನೀರು ಒಂದು ಗಿಡದ ಬುಡಕ್ಕ ಹಾಕಿದೆ. "ವೇಷ ಇಳೀತ್ರಿ ಸಾಹೇಬ. ನಾ ಮಲ್ಲಯ್ಯ. ಶರಣ್ರಿ," ಅಂದೆ. ಎದುರಿಗೆ ಅಮೀನ ಇದ್ದ, ಇಬ್ಬರು ಜವಾನರಿದ್ರು, ಹೊಲದಿಂದ ಹೊಳ್ಳಿದ ಮಹಾಗಾಂವದ ಮಂದಿ ನಿಂತಿದ್ರು. ಗಂಟಲು ಕಟ್ಟಲಿಲ್ಲ. ಅಮೀನ ಕೇಳಿದ: "ಠಾಣೇದಾಗ ಜವಾನನ ಜಾಗ ಅದ. ಕಾಯಮ್. ಬರ್ತಿ?" ಆ ಕಾಲದಾಗ ಕಾಯಮ್ ನೌಕರಿ ಅಂದ್ರ ಏನಂತ ನಿಮಗ ತಿಳಿಯಂಗಿಲ್ಲ. ಗಿರಣಿಗಿಂತ ಹತ್ತು ಪಾಲು ಮ್ಯಾಲು. ಅಪ್ಪ ಅಷ್ಟೊತ್ತಿಗೆ ಬಲ್ಲೇಕ ಬಂದಿದ್ದ, ಕೇಳಿಸಿಕೊಂಡ. "ಇಲ್ರಿ ಸಾಹೇಬ. ನನಗ ಕೆಲಸ ಅದ," ಅಂದೆ. ಅಮೀನ ಅಪ್ಪನ ಕಡಿ ತಿರುಗಿ, "ನಿನ್ನ ಮಗನಾ?" ಅಂದ. ಅಪ್ಪ ಪಟಗಾ ಸರಿ ಮಾಡಿಕೊಂಡ. "ಹೌದ್ರಿ. ನನ್ನ ಮಗ," ಅಂದ. ಅಮೀನ ಕುದುರಿ ಹೊಡಕೊಂಡು ಹೋದ.

ಕಮಲಾಪುರಕ್ಕ ಹೊಳ್ಳಿ ಹೊಂಟೆವು. ಅಪ್ಪ ನನ್ನ ಬೆನ್ನಿನ ಬುಟ್ಟಿ ಬಿಚ್ಚಿ ತಾನು ಹೊತ್ತುಕೊಂಡ. ಹತ್ತನೇ ದಿನ ಅಪ್ಪ ಅರ್ಜುನ ಆದ. ಹನ್ನೊಂದನೇ ದಿನ ಜ್ವಾಳ ಕೇಳಾಕ ಹೊಂಟೆವು. ಮ್ಯಾಳದ ಯಜಮಾನ ಮುಂದ ನಡಿಬೇಕು, ಉಳದವರು ಹಿಂದ. ಅಪ್ಪ ಪಾಟೀಲರ ಬಾಗಲ ಮುಂದ ನಿಂತು ಬದಿಗೆ ಸರದ. "ಮುಂದ ನಡಿ," ಅಂದ. ನಡದೆ. ಗಿರಣಿಗೆ ಹೋಗಲಿಲ್ಲ.